ಬೀಳ್ಕೊಡುಗೆಯ ಹಾಡಿಗೆ ಬಸಣ್ಣನ ಕುಣಿತ

ಸಿಟ್ಟು ಬಂದಾಗ ಮನಸ್ಸಿನಲ್ಲೇ ಹತ್ತರವರೆಗೆ ಎಣಿಸಬೇಕು ಎಂದು ತಿಳಿದವರು ಹೇಳುತ್ತಾರೆ. ನನಗೆ ಅದು ಆಗದ ಮಾತು. ಆದಿತಾಳ ಹಾಕಿ ಬೆಳೆದ ಕೈ ನನ್ನದು. ಎಂಟು ಮುಗಿಯುತ್ತಲೇ ಮತ್ತೆ ಒಂದಕ್ಕೆ ಬರುತ್ತದೆ, ಸಿಟ್ಟೂ ಅದರ ಜೊತೆ ಮೊದಲಿನಿಂದ ಶುರುವಾಗುತ್ತದೆ.

ವಾರವಿಡೀ ಅಮೆರಿಕದ ಸ್ಟರ್ಲಿಂಗ್ ಹೈಟ್ಸ್‌ನಲ್ಲಿ ಇಂಜಿನಿಯರ್, ಶನಿವಾರ ಭಾನುವಾರ ಸಂಗೀತ ನಿರ್ದೇಶಕ, ಇದು ನನ್ನ ಬಾಳು. ಹತ್ತಿರದ ನೋವೈ ಊರಿನ ಗೆಳೆಯ ಡಾಕ್ಟರ್ ಬಸಣ್ಣ ಸಿನಿಮಾ ತೆಗೆದ. ನಿರ್ದೇಶಕನೂ ಅವನೇ, ನಾಯಕನೂ ಅವನೇ. ಕಥೆ ನಡೆಯುವುದು ಪೆಸಿಫಿಕ್ ಸಮುದ್ರದ ದ್ವೀಪದಲ್ಲಿ. ಶೂಟಿಂಗ್ ಮಿಷಿಗನ್ ಸರೋವರದ ದಂಡೆಯಲ್ಲಿ, ಕೊರೆಯುವ ಚಳಿಯಲ್ಲಿ. ನಾಯಕಿಯ ಹಲ್ಲು ಕಟಕಟ ಎನ್ನುವುದನ್ನು ನಾವು ಪ್ರೇಮಕಂಪನ ಎಂದುಕೊಳ್ಳಬೇಕು. ನನ್ನ ಪಾಲಿನ ಸಂಗೀತವಾದರೂ ನಿಜವಾಗಿರಲಿ ಎಂದು ನಾನು ಸಹೋದ್ಯೋಗಿ ಲೂಪೆಯ ಮನೆಗೆ ಹೋದೆ. ಅವಳು ಅದೇ ಸಮುದ್ರದ ಸಮೋವಾ ದ್ವೀಪದವಳು. ಅವಳು ಸುರುಳಿ ಸುತ್ತಿದ ಚಾಪೆಯನ್ನು ಕೋಲಿನಿಂದ ಬಡಿದು ತಾಳ ಹಾಕಿದಳು; ಅವಳ ತಾಯಿ, ದೋಣಿ ಹೊರಡುವಾಗ ಹೇಳುವ ಹಳೆಯ ಹಾಡು ಹಾಡಿದರು. ರೆಕಾರ್ಡ್ ಮಾಡಿಕೊಂಡು ಹೊರಟಾಗ ಆ ತಾಯಿ ನನ್ನ ಕೈ ಹಿಡಿದು, "ನನ್ನ ತಮ್ಮ ಹೊರಟಾಗ ಹಾಡಿದ್ದು ಇದನ್ನೇ. ಅವನು ತಿರುಗಿ ಬರಲಿಲ್ಲ. ತಮಾಷೆಗೆ ಮಾತ್ರ ಬಳಸಬೇಡ" ಎಂದರು. ಮಾತು ಕೊಟ್ಟೆ.

ಸಿನಿಮಾ ಸಿದ್ಧವಾದ ಮೇಲೆ ಬಸಣ್ಣನ ಮನೆಗೆ ಹೋಗಿ ನೋಡಿದೆ. ಅವನು ಆ ಹಾಡನ್ನು ಎಲ್ಲಿಟ್ಟಿದ್ದ ಗೊತ್ತೇ? ತಾನು ಹುಲ್ಲಿನ ಲಂಗ ಉಟ್ಟು, ಎದೆಗೆ ತೆಂಗಿನ ಚಿಪ್ಪು ಕಟ್ಟಿಕೊಂಡು ಕುಣಿಯುವ ದೃಶ್ಯಕ್ಕೆ! ಅದೂ ದುಪ್ಪಟ್ಟು ವೇಗದಲ್ಲಿ. ಆ ತಾಯಿಯ ದನಿ ಇಲಿಮರಿಯ ಕೀಚಲಿನಂತೆ ಕೇಳುತ್ತಿತ್ತು.

"ತೆಗಿ ಅದನ್ನ!" ಎಂದೆ.

"ಏ ಮಾರಾಯಾ, ಯಾರಿಗೆ ತಿಳಿತೈತಿ? ಮಂದಿ ನಗ್ತಾರ, ಅಷ್ಟ ಸಾಕು."

"ನಂಗೆ ತಿಳಿಯುತ್ತಲ್ಲ! ನಿಮ್ಮವ್ವ ಅತ್ತಿದ್ದನ್ನೂ ಹಿಂಗೇ ಓಡಿಸ್ತೀಯೇನೋ?"

ಬಸಣ್ಣ ವಿಡಿಯೋ ನಿಲ್ಲಿಸಿದ. ಆಮೇಲೆ ಮೆಲ್ಲಗೆ, "ಹಂಗಾರ ಏನ್ ಹಾಕ್ಲಿ? ನಾಳೆನ ಐತಿ ಶೋ" ಎಂದ.

"ಏನೂ ಹಾಕ್ಬೇಡ!" ಎಂದು ಕಿರುಚಿ, ಅವನ ಲ್ಯಾಪ್‌ಟಾಪಿನಿಂದ ಹಾಡನ್ನು ನಾನೇ ಅಳಿಸಿ, ಬಾಗಿಲನ್ನು ಧಡಾರನೆ ಎಳೆದುಕೊಂಡು ಬಂದೆ.

ಮರುದಿನ ಬಾಡಿಗೆಯ ಹಾಲ್‌ನಲ್ಲಿ ನಮ್ಮವರೆಲ್ಲ ಸೇರಿದರು. ಆ ದೃಶ್ಯ ಬಂದಾಗ ನಾನು ಮುಖ ತಗ್ಗಿಸಿದೆ. ಯಾವ ಸದ್ದೂ ಇಲ್ಲದೆ ಬಸಣ್ಣ ಒಬ್ಬನೇ ಹುಲ್ಲು ಹಾರಿಸುತ್ತ ಕುಣಿದ. ಯಾರೂ ನಗಲಿಲ್ಲ. ಹಿಂದಿನ ಸಾಲಿನಲ್ಲಿ ಯಾರೋ ಮೂಗು ಸೀಟಿದರು.

ಮುಗಿದ ಮೇಲೆ ಆ ಹಿಂದಿನ ಸಾಲಿನಿಂದ ನಿರ್ಮಲಾ ಆಂಟಿ ಕಣ್ಣೊರೆಸಿಕೊಳ್ಳುತ್ತ ಬಂದರು. "ನಿಮ್ಮ ಮ್ಯೂಸಿಕ್ ಎಲ್ಲಾ ಸುಮಾರಪ್ಪ. ಆದ್ರೆ ಆ ಡ್ಯಾನ್ಸ್ ಸೀನಲ್ಲಿ ಏನೂ ಹಾಕ್ದೆ ಬಿಟ್ರಲ್ಲ, ಎಂಥಾ ಐಡಿಯಾ! ಪಾಪ, ಅವನ ಒಂಟಿತನ ನೋಡಿ ಅಳುನೇ ಬಂತು."

ಮೈಯೆಲ್ಲ ಉರಿದುಹೋಯಿತು. ನಿದ್ದೆಗೆಟ್ಟು ಕಟ್ಟಿದ ಹಾಡುಗಳೆಲ್ಲ ಸುಮಾರು, ಸಿಟ್ಟಿನಲ್ಲಿ ಅಳಿಸಿದ್ದೊಂದೇ ಸಂಗೀತವೇ? ಚೆನ್ನಾಗಿ ನಾಲ್ಕು ಮಾತು ಅಂದುಬಿಡಬೇಕೆಂದು ಬಾಯಿ ತೆರೆದೆ.

"ಹೌದಾಂಟಿ," ಎಂದೆ, "ಅದಕ್ಕೇ ತುಂಬಾ ದಿನ ತಲೆ ಕೆಡಿಸ್ಕೊಂಡಿದ್ದೆ."