ಕ್ಯಾಮರಾ ನೋಡ್ಬೇಡಿ

ಮದುವೆಗಳ ವಿಡಿಯೋ ತೆಗೆದು ತೆಗೆದು ಕಾರವಾರದ ಗಿರಿಧರನಿಗೆ ಅಕ್ಷತೆ ಕಂಡರೆ ಸೀನು ಬರುವಂತಾಗಿತ್ತು. ಇನ್ನು ಮೇಲೆ ಊರಿನ ನಿತ್ಯದ ಬದುಕನ್ನು ಇದ್ದ ಹಾಗೇ ಹಿಡಿಯುವ ಹೊಸ ಬಗೆಯ ಸಾಕ್ಷ್ಯಚಿತ್ರ ಮಾಡಿಯೇ ಸಿದ್ಧ ಎಂದು ಹೊರಟ. ಅದೇ ಸಂಜೆ ಗೆಳೆಯ ಶ್ರೀಕಾಂತನ ಸಿನಿಮಾ ಸಂಘದಲ್ಲಿ ಬೆಂಗಳೂರಿನ ತಜ್ಞರೊಬ್ಬರು ಅದನ್ನು ನೋಡುವವರಿದ್ದರು.

"ಅವ್ರು ಒಪ್ಪಿದ್ರೆ ಸೈ. ಇಲ್ದಿದ್ರೆ ನಾಳೆ ಅಂಕೋಲೆ ಮದ್ವೆಗೆ ಬಾಯಿ ಮುಚ್ಕಂಡು ಹೋಗ್ಬೇಕು," ಅಂದಳು ಹೆಂಡತಿ ಧನಲಕ್ಷ್ಮಿ.

ಮೀನುಪೇಟೆಯಲ್ಲಿ ಸ್ಟ್ಯಾಂಡ್ ಹೂಡಿ, ಕ್ಯಾಮರಾ ಚಾಲೂ ಮಾಡಿ, "ಯಾರೂ ಕ್ಯಾಮರಾ ನೋಡ್ಬೇಡಿ!" ಎಂದು ಕೂಗಿದ. ಇಡೀ ಪೇಟೆ ಬೆನ್ನು ತಿರುಗಿಸಿ ನಿಂತಿತು, ಮದುವೆಗೆ ಕರೆಯದ ನೆಂಟರ ಹಾಗೆ.

"ಅಯ್ಯೋ, ಹಾಗಲ್ಲ. ತಿರುಗಿ ಮಾರಾಯ್ರೇ!"

ತಿರುಗಿದರು. ರೆಪ್ಪೆ ಬಡಿಯದೆ ನಿಂತರು. ಬುಟ್ಟಿಯ ಬಂಗಡೆಗೂ ಅವರಿಗೂ ಕಣ್ಣಲ್ಲಿ ವ್ಯತ್ಯಾಸವೇ ಇರಲಿಲ್ಲ.

ಮೀನು ಮಾರುವ ದುರ್ಗಿ ಎದ್ದಳು. "ತಮಾ, ಈ ಸೀರೆಲಿ ತೆಗಿಬೇಡ. ಮಗಳ ಮದ್ವೆಲಿ ನೀನೇ ತೆಗ್ದಾಗ ಎಷ್ಟು ಚಂದ ಬಂದಿದ್ದೆ! ರೇಷ್ಮೆ ಉಟ್ಕಂಡು ಬತ್ತೆ. ಬುಟ್ಟಿ ನೋಡ್ಕ."

"ದುರ್ಗಕ್ಕ, ನಂಗೆ ಈ ಸೀರೆಯೇ ಬೇಕು!"

"ನಾಳೆ ತೊಳ್ದು ಕೊಡ್ತೆ, ತಕಾ," ಎಂದವಳೇ, ದಾರಿಗಡ್ಡವಿದ್ದ ಸ್ಟ್ಯಾಂಡನ್ನು ಕ್ಯಾಮರಾ ಸಮೇತ ಎತ್ತಿ ಪಕ್ಕಕ್ಕಿಟ್ಟು ಹೋದಳು.

ಗಿರಾಕಿಗಳು ಬಂದರು. ಕಾಗೆಗಳೂ ಬಂದವು. ಗಿರಿಧರ ಒಂದು ಕೈಯಲ್ಲಿ ಕಾಗೆ ಓಡಿಸುತ್ತ, ಇನ್ನೊಂದರಲ್ಲಿ ಬಂಗಡೆ ಹಿಡಿದು ಚೌಕಾಶಿಗೆ ಕೂತ.

"ನಿನ್ನೇದಲ್ವಾ ಇದು?" ಎಂದು ಗಿರಾಕಿ ಮಾಸ್ತಿ ಮೂಗು ಮುರಿದ.

"ಮೀನು ಇವತ್ತಿಂದು, ನಿನ್ನ ಮೂಗು ನಿನ್ನೇದು!"

ದುರ್ಗಿ ರೇಷ್ಮೆಯಲ್ಲಿ ಸರಭರ ಬರುವಾಗ ಬುಟ್ಟಿ ಖಾಲಿಯಾಗಿತ್ತು, ಟೇಪೂ ಮುಗಿದಿತ್ತು. ಮುಖ ಊದಿಸಿಕೊಂಡವಳನ್ನು ಸಂಜೆಯ ಸಭೆಗೆ ಕರೆದು ಸಮಾಧಾನ ಮಾಡಿದ.

ಸಂಜೆ ಬೇರೆ ಗತಿಯಿಲ್ಲದೆ ಅದೇ ಟೇಪು ಹಾಕಿದ. ಪರದೆ ತುಂಬ ಗಿರಿಧರನೇ! ಬೆವರು, ಕಾಗೆ, ಬೈಗುಳ. ಸಭೆ ಬಿದ್ದು ಬಿದ್ದು ನಕ್ಕಿತು. ತಜ್ಞರು ಎದ್ದು ನಿಂತರು.

"ಅದ್ಭುತ! ಈ ಮನುಷ್ಯ ಒಂದು ಸಲವೂ ಕ್ಯಾಮರಾ ನೋಡಲಿಲ್ಲ. ಇದನ್ನು ಬೆಂಗಳೂರಲ್ಲಿ ತೋರಿಸಲೇಬೇಕು. ತೆಗೆದವರು ಯಾರು?"

"ನಾನೇ ಸರ್," ಎಂದು ಗಿರಿಧರ ಎದ್ದ.

"ನೀವು ಮೀನು ಮಾರ್ತಿದ್ರಲ್ಲ! ಕ್ಯಾಮರಾ ಅಲ್ಲಿ ಇಟ್ಟವರು ಯಾರು?"

ಗಿರಿಧರ ಬಾಯಿ ತೆರೆಯುವುದರೊಳಗೆ ಹಿಂದಿನ ಸಾಲಿನಿಂದ ದುರ್ಗಿ ಕೂಗಿದಳು: "ನಾನು ಇಟ್ಟದ್ದು ಸಾರೂ! ಅಡ್ಡ ಆಗ್ತಿತ್ತು."

ವೇದಿಕೆಯ ಮೇಲೆ ದುರ್ಗಿಗೆ ಶಾಲು, ಹಾರ. ಶ್ರೀಕಾಂತ ಗಿರಿಧರನ ಕೈಗೆ ಕ್ಯಾಮರಾ ತುರುಕಿದ. "ನಿಂಗೆ ಅಭ್ಯಾಸ ಉಂಟಲ್ಲ, ಒಂಚೂರು ತೆಗಿ ಮಾರಾಯ."

ರೇಷ್ಮೆ ಸೀರೆಯ ದುರ್ಗಿ ನಾಚಿ ನೆಲ ನೋಡುತ್ತಿದ್ದಳು. ಗಿರಿಧರ ಕ್ಯಾಮರಾ ಕಣ್ಣಿಗೆ ಹಿಡಿದ.

"ದುರ್ಗಕ್ಕ... ಸ್ವಲ್ಪ ಕ್ಯಾಮರಾ ನೋಡು."