ಎಡಗಾಲಿನ ಕೆಂಪು ಬಟ್ಟೆ

ನಮ್ಮ ಸೀಮೆಯ ಸೆಂಟರ್ ಫಾರ್ವರ್ಡನ ಎಡಗಾಲಿನ ಹೊಡೆತ ತಾಗಿದರೆ ಗೋಲ್‌ಕೀಪರ್ ಬದುಕುವುದಿಲ್ಲ. ಯಾದಗಿರಿ, ಶಹಾಪುರ, ಸುರಪುರ, ಮೂರೂ ಊರಿನವರು ಆಗ ಹೀಗೆ ನಂಬಿದ್ದರು. ಆ ಕಾಲಿಗೆ ಪಾದದಿಂದ ಮೀನಖಂಡದವರೆಗೆ ಕೆಂಪು ಬಟ್ಟೆ ಸುತ್ತಿರುತ್ತಿತ್ತು. ಬಟ್ಟೆ ಇರುವತನಕ ಆ ಕಾಲಿನಿಂದ ಹೊಡೆಯುವಂತಿಲ್ಲ ಎಂದು ಒಪ್ಪಂದ. ಆಟಕ್ಕೆ ಮೊದಲು ರೆಫರಿ ಚೆಂಡಿನ ಗಾಳಿ ನೋಡುತ್ತಿದ್ದ, ಆಮೇಲೆ ಬಟ್ಟೆಯ ಗಂಟು ನೋಡುತ್ತಿದ್ದ. ಕಾಲಿಗೆ ಬಟ್ಟೆ ಕಟ್ಟಿದವರು ನಮ್ಮ ಕಡೆ ಆಗ ಮನೆಗೊಬ್ಬರಿದ್ದರು. ಅವರನ್ನು ಕಂಡು ಯಾರೂ ಹೆದರುತ್ತಿರಲಿಲ್ಲ.

ಅವನು ಹೆಚ್ಚು ಓಡುತ್ತಿರಲಿಲ್ಲ. ಎಡಗಾಲು ತುಸು ಎಳೆದು ನಡೆಯುತ್ತಿದ್ದ. ಮದ್ದು ತುಂಬಿದ ಬಂದೂಕನ್ನು ಯಾರಾದರೂ ಬೀಸಿಕೊಂಡು ನಡೆಯುತ್ತಾರೆಯೇ ಎಂದು ಜನರೇ ವಿವರಿಸುತ್ತಿದ್ದರು. ಎದುರಾಳಿಗಳು ಮಾರು ದೂರ ಉಳಿಯುವರು. ಅವನು ಆರಾಮಾಗಿ ಬಲಗಾಲಿನಿಂದ ಗೋಲು ಹೊಡೆಯುವನು.

ನಾನು ಹೈದರಾಬಾದಿನಲ್ಲಿ ಬಿ.ಎ. ಓದಿ ಬಂದು ಯಾದಗಿರಿಯ ತಹಶೀಲ್ ಕಚೇರಿಯಲ್ಲಿ ಗುಮಾಸ್ತನಾಗಿದ್ದೆ. ಆಟದ ನಿಯಮಗಳ ಪುಸ್ತಕ ಇಂಗ್ಲಿಷಿನಲ್ಲಿತ್ತು. ಆ ಒಂದೇ ಕಾರಣಕ್ಕೆ ಊರಿನ ಫುಟ್‌ಬಾಲ್ ತಂಡಕ್ಕೆ ನನ್ನನ್ನು ಕಾರ್ಯದರ್ಶಿ ಮಾಡಿದರು. ನಗಿಸುವ ಸಂಗತಿಗಳನ್ನು ಆಮೇಲೆ ನಾನು ಹುಡುಕಿಕೊಂಡು ಹೋಗಬೇಕಾಗಲಿಲ್ಲ.

೧. ಸತ್ತವನ ವಿಚಾರಣೆ

ಯಾದಗಿರಿಯಲ್ಲಿ ಎಲ್ಲರೂ ಹೇಳುತ್ತಿದ್ದರು: "ಶಹಾಪುರದಾಗ ಒಬ್ಬ ಕೀಪರ್ ಸತ್ತಾನ್ರಿ. ಚೆಂಡು ಎದಿಗೆ ಬಡೀತು, ಅಲ್ಲೇ ಹೋದ."

ಶಹಾಪುರಕ್ಕೆ ಆಟಕ್ಕೆ ಹೋದಾಗ ಚಹಾದಂಗಡಿಯಲ್ಲಿ ಕೇಳಿದೆ. "ನಮ್ಮಲ್ಲಿ ಅಲ್ರಿ, ಸುರಪುರದಾಗ" ಎಂದರು.

ಸುರಪುರದಲ್ಲಿ ಕೇಳಿದೆ. "ನಮ್ಮೂರಾಗ ಯಾರೂ ಸತ್ತಿಲ್ಲ. ಸತ್ತಾಂವ ಯಾದಗಿರಿ ಮನಷ್ಯಾ. ನಿಮ್ಮೂರ ಸುದ್ದಿ ನಿಮಗ ಗೊತ್ತಿಲ್ಲೇನ್ರಿ?"

ಕೊನೆಗೆ ಅವನನ್ನೇ ಕೇಳಿದೆ. "ಖರೇನ ಒಬ್ಬಾಂವ ಸತ್ತಾನೇನೋ?"

"ಇಷ್ಟು ಮಂದಿ ಹೇಳಾಕತ್ತಾರಲ್ರಿ ಸಾಹೇಬ್ರ. ನಾ ಒಬ್ಬಾಂವ ಯಾಕ ಸುಳ್ಳು ಮಾಡ್ಲಿ?"

೨. ಉಂಡವರ ಕಡೆ

ಅವನದು ಭೀಮಾ ದಂಡೆಯಲ್ಲಿ ದೋಣಿ ನಡೆಸುವ ಮನೆತನ. ತಂಡ ಎಂಬುದೊಂದು ಅವನಿಗೆ ಇರಲಿಲ್ಲ. ಯಾರು ಉಣ್ಣಿಸಿದರೋ ಅವರ ಕಡೆ ಆಡುತ್ತಿದ್ದ.

ಒಮ್ಮೆ ಶಹಾಪುರಕ್ಕೂ ಸುರಪುರಕ್ಕೂ ಆಟ. ಬೆಳಗ್ಗೆ ಶಹಾಪುರದ ಬೇಳೆ ಮಿಲ್ಲಿನ ಮಾಲೀಕರು ಮನೆಗೆ ಕರೆದು ರೊಟ್ಟಿ ಹಾಕಿದರು. ಮೊದಲರ್ಧದಲ್ಲಿ ಶಹಾಪುರಕ್ಕೆ ಒಂದು ಗೋಲು ಹೊಡೆದ. ಬಿಡುವಿನಲ್ಲಿ ಸುರಪುರದ ಕ್ಯಾಪ್ಟನ್ ಬುತ್ತಿ ಬಿಚ್ಚಿದರು. ಅವರು ವಕೀಲರು, ಯಾವುದಕ್ಕೆ ಯಾವ ಹೊತ್ತು ಎಂದು ಬಲ್ಲವರು. ಇವನು ಬುತ್ತಿ ಉಂಡ, ಕೈ ತೊಳೆದ, ಅಂಗಿ ಬದಲಿಸಿದ, ಸುರಪುರಕ್ಕೆ ಒಂದು ಗೋಲು ಹೊಡೆದ.

ರೆಫರಿ, ಅಂದರೆ ಶಾಲೆಯ ಡ್ರಿಲ್ ಮಾಸ್ತರರು, ಇದು ನಡೆಯುತ್ತದೆಯೇ ಎಂದು ನನ್ನನ್ನು ಕೇಳಿದರು. ಪುಸ್ತಕ ಬರೆದವನಿಗೆ ಬುತ್ತಿಯ ಕಲ್ಪನೆ ಇರಲಿಲ್ಲ. ಆಟ ಸಮ ಆಯಿತು. ಎರಡೂ ಊರಿನವರು ಅವನಿಗೇ ಹಾರ ಹಾಕಿದರು.

ಮಿಲ್ಲಿನ ಮಾಲೀಕರಿಗೆ ಮಾತ್ರ ಬೇಸರ. "ನಮ್ಮ ರೊಟ್ಟಿ ಅರ್ಧಾ ಆಟಕ್ಕ ಕರಗಿತೇನೋ?"

"ಬುತ್ತ್ಯಾಗ ಹೋಳಿಗಿ ಇತ್ರಿ, ಯಜಮಾನ್ರ."

೩. ಹಳೇ ಸರ್ಕಾರದ ಆಫ್‌ಸೈಡ್

ನಮ್ಮ ಜಿಲ್ಲೆ ಹೈದರಾಬಾದ್ ಬಿಟ್ಟು ಮೈಸೂರು ರಾಜ್ಯಕ್ಕೆ ಸೇರಿತು. ಕಚೇರಿಗಳ ಬೋರ್ಡು ಬದಲಾಗುತ್ತಿದ್ದ ದಿನಗಳು. ಸುರಪುರದಲ್ಲಿ ಅವರಿಗೂ ನಮಗೂ ಆಟ. ಇವನು ಅಂದು ಸುರಪುರದ ಅನ್ನದಲ್ಲಿದ್ದ. ನಮ್ಮ ಕೀಪರನ ಪಕ್ಕದಲ್ಲೇ ನಿಂತಿದ್ದು, ಬಂದ ಚೆಂಡನ್ನು ಒಳಗೆ ತಳ್ಳಿದ. ಡ್ರಿಲ್ ಮಾಸ್ತರರು ಆಫ್‌ಸೈಡ್ ಎಂದು ಸೀಟಿ ಊದಿದರು.

ವಕೀಲ ಕ್ಯಾಪ್ಟನ್ ಮುಂದೆ ಬಂದರು. "ಆಫ್‌ಸೈಡ್ ಯಾವ ಸರ್ಕಾರದ ಕಾನೂನ್ರಿ?"

"ಮೊದಲಿಂದಾನೂ ಐತಲ್ರಿ."

"ಮೊದಲಿಂದ ಅಂದ್ರ ಹೈದರಾಬಾದ್ ಸರ್ಕಾರದ್ದಾತು. ಆ ಸರ್ಕಾರ ಹೋಗೇತಿ. ಮೈಸೂರಿನವರು ಇದನ್ನ ಮುಂದುವರಿಸ್ಯಾರ ಅಂತ ಆದೇಶ ಇದ್ರ ತೋರಸ್ರಿ."

ಮಾಸ್ತರರ ಸ್ವಂತ ನೌಕರಿಯ ಆದೇಶವೇ ಇನ್ನೂ ಬಂದಿರಲಿಲ್ಲ. ಅವರು ಬಹಳ ಹೊತ್ತು ಯೋಚಿಸಿ, ಆದೇಶ ಬರುವತನಕ ಗೋಲು ಇರಲಿ ಎಂದರು. ಆದೇಶ ಬಂದಿಲ್ಲ. ಗೋಲು ಇಂದಿಗೂ ಹಂಗಾಮಿಯಾಗಿಯೇ ಇದೆ.

೪. ಕಾಯಂ

ಆಮೇಲೆ ನಮ್ಮವರು ಅವನನ್ನು ಕಚೇರಿಗೆ ಹಂಗಾಮಿ ಜವಾನನಾಗಿ ತಂದರು. ಇನ್ನು ಊರೂರು ಉಣ್ಣುವುದು ತಪ್ಪಿತೆಂದು ಅವನೂ ನೆಮ್ಮದಿಯಾಗಿದ್ದ. ಬೋನಾಳದಲ್ಲಿ ಒಂದು ಹೆಣ್ಣು ನೋಡಿದ್ದ. ಹುಡುಗಿಗೆ ಒಪ್ಪಿಗೆ. ಆಕೆಯ ಅಪ್ಪ ಕುರಿ ಕಾಯುವವನು. ಮೂರು ತಾಲೂಕಿನಲ್ಲಿ ಆ ಕಾಲಿಗೆ ಬೆಲೆ ಕೊಡದವನು ಅವನೊಬ್ಬನೇ. "ಕಾಲು ಹೆಂಗಾರ ಇರ್ಲಿ. ನೌಕರಿ ಕಾಯಂ ಆದ ಮ್ಯಾಲ ಬಾ" ಎಂದಿದ್ದ.

ಅಷ್ಟರಲ್ಲಿ ಮೈಸೂರು ಕಡೆಯಿಂದ ಹೊಸ ತಹಶೀಲ್ದಾರರು ಬಂದರು. "ಏನ್ರೀ, ಈತ ಜವಾನ ಅಂತೀರಿ. ಒಂದು ದಿನವಾದ್ರೂ ಫೈಲು ಮುಟ್ಟಿದ್ದನ್ನ ನಾನು ಕಾಣೆ."

"ಎಡಗಾಲು ಭಾಳ ಖತರ್ನಾಕ್ ಐತ್ರಿ ಸಾಹೇಬ್ರ" ಎಂದರು ಹಿರಿಯ ಗುಮಾಸ್ತರು.

"ಹಾಗಾದ್ರೆ ಭಾನುವಾರ ಸುರಪುರದವರ ಮೇಲೆ ಆ ಕಾಲಿಂದ ಒಂದು ಗೋಲು ಹೊಡೀಲಿ. ಕಾಯಂ ಮಾಡೋಕೆ ಬರೀತೀನಿ. ಇಲ್ದಿದ್ರೆ ಸೋಮವಾರದಿಂದ ಬರೋದು ಬೇಡ."

ಅವನು ನನ್ನ ಮೇಜಿನ ಹತ್ತಿರ ಬಂದು ನಿಂತ. ಮುಖ ಸಣ್ಣದಾಗಿತ್ತು. "ಬಲಗಾಲಿಲೆ ಎರಡು ಹೊಡದ್ರ ನಡೀತೈತೇನ್ರಿ, ಕೇಳಿ ನೋಡ್ರಿ." ಕೇಳಿದೆ. ನಡೆಯಲಿಲ್ಲ.

ಭಾನುವಾರ ಬೋನಾಳದ ಮಾವನೂ ಬಂದು ಕಂಬಳಿ ಹೊದ್ದು ಕೂತಿದ್ದ. ಆಟ ಮುಗಿಯುವ ಹೊತ್ತಿಗೆ ನಮಗೊಂದು ಪೆನಾಲ್ಟಿ ಸಿಕ್ಕಿತು. ತಹಶೀಲ್ದಾರರು ಕುರ್ಚಿಯಿಂದಲೇ "ಎಡಗಾಲು" ಎಂದರು.

ಸುರಪುರದ ಕೀಪರನ ತಾಯಿ ನೇರ ಒಳಗೆ ಬಂದು ಮಗನ ಕೈ ಹಿಡಿದಳು. "ನನಗಿರಾಂವ ಇವನೊಬ್ಬಾಂವ. ಗೋಲು ಬೇಕಾದ್ರ ತಗೋರಿ." ಅವನನ್ನು ಎಳೆದೊಯ್ದು ಬೇವಿನ ಮರದ ಹಿಂದೆ ನಿಲ್ಲಿಸಿದಳು. ವಕೀಲರು ತಕರಾರು ಎತ್ತಲಿಲ್ಲ. ಕೀಪರ್ ಗೆರೆಯ ಮೇಲಿರಬೇಕೆಂದು ಪುಸ್ತಕದಲ್ಲಿತ್ತು. ನಾನು ಪುಸ್ತಕ ಮುಚ್ಚಿದೆ.

"ಒಪ್ಪಂದ ಇವತ್ತೊಂದಿನ ಬಿಟ್ಟೇವಿ, ಬಟ್ಟಿ ಮಾತ್ರ ಬಿಚ್ಚಬ್ಯಾಡೋ ಯಪ್ಪಾ" ಎಂದು ಜನ ಬೇಡಿಕೊಂಡರು. "ಆತು" ಎಂದು ಅವನು ತಡಮಾಡದೆ ಒಪ್ಪಿದ. ನಾಲ್ಕು ಹೆಜ್ಜೆ ಹಿಂದೆ ಸರಿದು, ಬಂದು, ಹೊಡೆದ.

ಮೈದಾನ ಆ ಕಡೆ ತುಸು ಇಳಿಜಾರು. ಅದೇ ಉಳಿಸಿತು. ಚೆಂಡು ಗೆರೆ ಮುಟ್ಟುವಷ್ಟರಲ್ಲಿ ತಹಶೀಲ್ದಾರರು ಕನ್ನಡಕ ತೆಗೆದು, ಒರೆಸಿ, ಮತ್ತೆ ಹಾಕಿಕೊಂಡರು. ಚೆಂಡು ಒಳಗೆ ಹೋಗಿ ನಿಂತಿತು.

ಮೊದಲು ಬಾಯಿ ಬಿಟ್ಟವರು ವಕೀಲರು. "ಎಷ್ಟು ತಡದು ಹೊಡದಾನ ನೋಡ್ರಿ. ಜೀವಾ ಉಳಿಸ್ಯಾನ."

ಕೀಪರನ ತಾಯಿ ಬಂದು ಆ ಕಾಲು ಮುಟ್ಟಿ ಕಣ್ಣಿಗೊತ್ತಿಕೊಂಡಳು. ಮುಂದಿನ ಆಟದಿಂದ ಗಂಟು ಒಂದಲ್ಲ, ಎರಡಿರಬೇಕೆಂದು ಒಪ್ಪಂದವಾಯಿತು.

ಸೋಮವಾರ ತಹಶೀಲ್ದಾರರು ಕಾಯಂಗೆ ಬರೆದರು. ಬೋನಾಳದಲ್ಲಿ ಎಲೆ ಅಡಿಕೆ ಬದಲಾಯಿಸಿದರು. ಉಳಿದದ್ದು ಸರ್ಕಾರಿ ಡಾಕ್ಟರರ ಸರ್ಟಿಫಿಕೇಟು ಮಾತ್ರ. ಅವರೂ ದಕ್ಷಿಣದವರು, ಯಾವ ಸುದ್ದಿಯನ್ನೂ ಕೇಳಿದವರಲ್ಲ. ಬಟ್ಟೆ ಬಿಚ್ಚು ಎಂದರು, ಬಿಚ್ಚಿದ. ಜವಾನನ ಕೆಲಸಕ್ಕೆ ಅಡ್ಡಿಯಿಲ್ಲವೆಂದು ಬರೆದುಕೊಟ್ಟರು. ಅದರಲ್ಲಿ ಗುರುತಿನ ಚಿಹ್ನೆ ಎಂದಿದ್ದ ಕಡೆ ಇದ್ದುದನ್ನು ನಾನೇ ಸರ್ವಿಸ್ ಬುಕ್ಕಿಗೆ ಇಳಿಸಿದೆ: ಚಿಕ್ಕಂದಿನಲ್ಲಿ ಬಾವಿ ನೀರಿನ ಹುಳದಿಂದ ನಾರುಹುಣ್ಣಾಗಿ ಎಡಪಾದದ ಕೀಲು ಸೆಟೆದಿದೆ, ಬಾಗುವುದಿಲ್ಲ.