ಎಟ್ನಾಗೆ ಕುಂಕುಮ

ನನ್ನ ಪಾಲಿಗೆ ಬೆಟ್ಟ ಬಂದಾಗಲೆಲ್ಲ ಹಿಂದೆಯೇ ಏನಾದರೊಂದು ಫಜೀತಿಯೂ ಬರುತ್ತೆ. ಎಮರಿವಿಲ್‌ನ ಒಂದು ಅನಿಮೇಷನ್ ಸ್ಟುಡಿಯೋದಲ್ಲಿ ನನ್ನ ಕೆಲಸ ಹೊಗೆ, ಮೋಡ, ಮಂಜು ಮಾಡೋದು.

ಕಾರ್ಖಾನೆ ಹೊಗೆ

ಈ ಸಲ ಸಿಕ್ಕಿದ್ದು ಎಟ್ನಾ, ಇಟಲಿಯ ಸಿಸಿಲಿ ದ್ವೀಪದ ಜ್ವಾಲಾಮುಖಿ. ನಾನು ಕಣ್ಣಾರೆ ಕಂಡವನಲ್ಲ. ಡ್ಯಾನ್‌ವಿಲ್‌ನ ನಮ್ಮ ಮನೆ ಕಿಟಕಿಯಲ್ಲಿ ಒಣಹುಲ್ಲಿನ ಗುಡ್ಡಗಳು ಕಾಣುತ್ತವೆ. ಬೆಳಗ್ಗೆ ಅವುಗಳ ನೆತ್ತಿಯಿಂದ ಮಂಜು ಏಳುವಾಗ, ಇದೇ ಎಟ್ನಾ ಅಂದ್ಕೊಂಡು ಮೈಮರೆತು ಕೂತಿರ್ತಿದ್ದೆ.

ನಮ್ಮ ಡೈರೆಕ್ಟರಮ್ಮ ಆ ಬೆಟ್ಟದ ಬುಡದಲ್ಲೇ ಹುಟ್ಟಿದವರು. ನನ್ನ ಹೊಗೆ ನೋಡಿ, ಇದು ಕಾರ್ಖಾನೆ ಹೊಗೆ, ನಮ್ಮವಳು ಹೀಗಲ್ಲ ಅಂದರು. ಅವರೂರಲ್ಲಿ ಎಟ್ನಾ ಹೆಣ್ಣಂತೆ. ಶುಕ್ರವಾರದೊಳಗೆ ಸರಿಹೋಗದಿದ್ದರೆ ಶಾಟು ಬೇರೆಯವರಿಗೆ ಅಂತಲೂ ಹೇಳಿಬಿಟ್ಟರು. ನನಗೆ ಊಟ ಸೇರಲಿಲ್ಲ. ನನ್ನನ್ನ ನೋಡೋಕೆ ಬಂದಾಗಲೂ ಇಷ್ಟು ಒದ್ದಾಡಿರಲಿಲ್ಲ ನೀವು ಅಂತ ಹೆಂಡತಿ ಗೊಣಗಿದಳು.

ಬರಿ ಹಣೆ

ಗುರುವಾರ ಸಂಜೆ, ಮಂಡ್ಯದಿಂದ ಬಂದಿದ್ದ ಅತ್ತೆಗೆ ಲ್ಯಾಪ್‌ಟಾಪಲ್ಲಿ ಬೆಟ್ಟ ತೋರಿಸಿದೆ. ಹೊಗೆ ನಿಧಾನಕ್ಕೆ ಏಳುತ್ತಾ ಆಕಾಶದಲ್ಲಿ ಕರಗುತ್ತಿತ್ತು. ನೋಡ್ತಾ ಇಬ್ಬರ ಕಾಫಿಯೂ ಆರಿಹೋಯ್ತು. ಇವಳು ಹೆಣ್ಣು ಅತ್ತೆ ಅಂದೆ. ಅಷ್ಟು ಹೇಳಿದ್ದೇ ಎಡವಟ್ಟಾಯ್ತು.

ಮರುದಿನ ಆಫೀಸಲ್ಲಿ ಡೈರೆಕ್ಟರಮ್ಮನ ಮುಂದೆ ಲ್ಯಾಪ್‌ಟಾಪು ತೆರೆದರೆ ಬೆಟ್ಟದ ತುದಿಯಲ್ಲಿ ದುಂಡಗೆ ಕುಂಕುಮ! ಬೆಳಗ್ಗೆ ನಾನು ಸ್ನಾನಕ್ಕೆ ಹೋದಾಗ ಅತ್ತೆ ಶುಕ್ರವಾರದ ಪೂಜೆ ಮುಗಿಸಿ, ಹೆಣ್ಣುಮಗಳು ಬರಿ ಹಣೆಯಲ್ಲಿ ಇರಬಾರದು ಅಂತ ಸ್ಕ್ರೀನಿಗೇ ಇಟ್ಟು ಲ್ಯಾಪ್‌ಟಾಪು ಮುಚ್ಚಿದ್ದರು.

ಗಂಡ

ಡೈರೆಕ್ಟರಮ್ಮ ಸ್ಕ್ರೀನಿನ ಹತ್ತಿರಕ್ಕೆ ಬಗ್ಗಿದರು. ಆಮೇಲೆ ಮೆಲ್ಲಗೆ, ಮುಸ್ಸಂಜೆಯಲ್ಲಿ ನಮ್ಮವಳ ತುದಿ ಇಷ್ಟೇ ಕೆಂಪಗಿರುತ್ತೆ ಅಂದರು. ಬೆರಳಿಟ್ಟರು. ಕೆಂಪು ಬೆರಳಿಗೆ ಬಂತು. ವಿಧಿಯಿಲ್ಲದೆ ನಿಜ ಹೇಳಿದೆ. ಇದು ನಮ್ಮತ್ತೆ ಕೆಲಸ, ಮದುವೆಯಾದ ಹೆಂಗಸಿಗೆ ನಮ್ಮಲ್ಲಿ ಹೀಗೆ ಕುಂಕುಮ ಇಡ್ತೀವಿ ಅಂತ. ಅವರು ಬಿದ್ದುಬಿದ್ದು ನಕ್ಕರು. ಲಾವಾ ಹರಿದು ಬಂದಾಗ ಅವರಜ್ಜಿಯೂ ಊರು ಉಳೀಲಿ ಅಂತ ಸಂತರ ಪಟ ಹಿಡಿದು ಎದುರಿಗೆ ನಿಲ್ತಿದ್ದರಂತೆ. ಆ ಕೆಂಪು ಹಾಗೇ ಇರಲಿ, ಶಾಟು ನಿನ್ನದೇ ಅಂದರು. ನನಗೆ ಹೋದ ಜೀವ ಬಂತು. ಹಿಂದೆಯೇ ಇನ್ನೊಂದು ಮಾತು: ಮದುವೆಯಾದವಳು ಅಂದಮೇಲೆ ಗಂಡನೂ ಬೇಕಲ್ಲ, ದೂರದ ಸಮುದ್ರದಲ್ಲಿ ಸ್ಟ್ರಾಂಬೊಲಿ ಜ್ವಾಲಾಮುಖಿಯನ್ನೂ ಸೇರಿಸು.

ಮನೆಗೆ ಬಂದು ಅತ್ತೆಗೆ ಎಲ್ಲ ಹೇಳಿದೆ. ಅತ್ತೆ ಕೇಳಿದ್ದು ಒಂದೇ, ಹುಡುಗ ಏನು ಮಾಡ್ಕೊಂಡಿದ್ದಾನೆ ಅಂತ. ಸಮುದ್ರದ ಮಧ್ಯೆ ಒಬ್ಬನೇ ಕೂತು ಹಗಲೂ ರಾತ್ರಿ ಹೊಗೆ ಬಿಡ್ತಾನೆ ಅಂದೆ. ಬೇರೆ ಕೆಲಸ? ಏನಿಲ್ಲ.

ಅತ್ತೆ ಸ್ಕ್ರೀನಿನ ಎಟ್ನಾಳನ್ನ ನೋಡಿದರು. "ಪಾಪ ಕಣ್ರೀ ಅಳಿಯಂದ್ರೇ, ಅಂಥವನ್ನ ಕಟ್ಕೊಂಡ ಮ್ಯಾಲೆ ಅವಳು ಬೆಂಕಿ ಕಾರ್ದೆ ಇನ್ನೇನ್ ಮಾಡ್ತಾಳೆ."